ಅಪ್ಪನ ಎಡೆಗೆ ಏನಿಡಬೇಕು?

ಅಪ್ಪ ತೀರಿಕೊಂಡು ತಿಂಗಳುಗಳು ಕಳೆದ ಮೇಲೂ ನನ್ನ ನೆನಪಿಗೆ ಬರುತ್ತಿದ್ದುದು ಕಾಯಿಲೆಯ ಅಪ್ಪ ಮಾತ್ರ. ಅವರನ್ನು ನೆನೆದರೆ ಏರ್ ಬೆಡ್ಡಿನ ಮೋಟಾರಿನ ಸದ್ದು, ಮೂಗಿಗೆ ಅಂಟಿಸಿದ್ದ ನಳಿಕೆ, ರೆಪ್ಪೆ ಬಡಿಯದೆ ಸೂರನ್ನೇ ನೋಡುತ್ತಿದ್ದ ಭಾವವಿಲ್ಲದ ಮುಖ ಇವೇ ಮುಂದೆ ಬಂದು ನಿಲ್ಲುತ್ತಿದ್ದವು. ಪಾರ್ಕಿನ್ಸನ್ ಕಾಯಿಲೆ ಅವರನ್ನು ಕಾಡಿದ್ದು ಹೆಚ್ಚುಕಡಿಮೆ ಕೊನೆಯ ಒಂದು ದಶಕ; ಅದಕ್ಕೆ ಮುನ್ನ ಆರು ದಶಕಕ್ಕೂ ಹೆಚ್ಚು ಕಾಲ ಅವರು ಗಟ್ಟಿಮುಟ್ಟಾಗಿ ಓಡಾಡಿಕೊಂಡಿದ್ದವರು. ಆ ಅರವತ್ತು ವರ್ಷದ ಮನುಷ್ಯ ಎಲ್ಲಿ ಹೋದರು ಎಂಬ ಪ್ರಶ್ನೆಗೆ ನನ್ನಲ್ಲಿ ಉತ್ತರವಿರಲಿಲ್ಲ. ಇದು ನನ್ನೊಬ್ಬನ ಸಮಸ್ಯೆಯೂ ಆಗಿರಲಿಲ್ಲ ಎಂಬುದು ಆ ವರ್ಷದ ಪಿತೃಪಕ್ಷದಲ್ಲಿ ಅಪ್ಪನಿಗೆ ಮೊದಲ ಎಡೆ ಇಡಬೇಕಾಗಿ ಬಂದಾಗ ಗೊತ್ತಾಯಿತು. ಅಲ್ಲಿಗೆ ಹೋಗುವ ಮೊದಲು ಅವರ ಕೆಲಸದ ಬಗ್ಗೆಯೂ ಕಾಯಿಲೆಯ ಬಗ್ಗೆಯೂ ಹೇಳಬೇಕು.

ನಮ್ಮೂರು ಮದ್ದೂರು ತಾಲ್ಲೂಕಿನಲ್ಲಿದೆ. ಒಂದು ಕಾಲಕ್ಕೆ ಇರ್ವಿನ್ ನಾಲೆ ಎಂದು ಕರೆಸಿಕೊಳ್ಳುತ್ತಿದ್ದ ವಿಶ್ವೇಶ್ವರಯ್ಯ ನಾಲೆಯ ನೀರು ಇಲ್ಲಿಗೆ ಬರುವಷ್ಟರಲ್ಲಿ ಸೊರಗಿರುತ್ತದೆ, ಏಕೆಂದರೆ ಮೇಲಿನ ಊರುಗಳವರೆಲ್ಲ ತಮ್ಮ ಗದ್ದೆ ತುಂಬಿಸಿಕೊಂಡ ಮೇಲೆ ಉಳಿದದ್ದು ಕೊನೆಯ ಭಾಗದವರಿಗೆ. ಅಪ್ಪ ನೀರಾವರಿ ಇಲಾಖೆಯಲ್ಲಿ ಸೌಡಿ ಆಗಿದ್ದರು. ಸೌಡಿ ಎಂದರೆ ತೂಬುಗಳನ್ನು ಎತ್ತಿ ಇಳಿಸುವವನು, ಏರಿಯ ಮೇಲೆ ಹಗಲಿರುಳು ತಿರುಗುವವನು, ಯಾವ ಊರಿಗೆ ಯಾವ ದಿನ ನೀರು ಎಂಬುದನ್ನು ಕಾಗದದ ಮೇಲೆ ಎಂಜಿನಿಯರ್ ಬರೆದರೆ ನೆಲದ ಮೇಲೆ ಅದನ್ನು ನಡೆಸಿ ತೋರಿಸಬೇಕಾದವನು. ಸಂಬಳ ಚಿಕ್ಕದು, ಬೈಗುಳ ದೊಡ್ಡದು. ದಿನಗೂಲಿಯಾಗಿ ಸೇರಿ ಬಹಳ ವರ್ಷಗಳ ನಂತರ ಕಾಯಂ ಆಗಿದ್ದರಿಂದ ನಿವೃತ್ತಿಯಾದಾಗ ಅವರಿಗೆ ಪಿಂಚಣಿಯೂ ಬಂತು. ಅವರು ನಿವೃತ್ತರಾದರೂ ನೀರು ಅವರನ್ನು ಬಿಡಲಿಲ್ಲ. ಬೆಳಗ್ಗೆ ಪೇಪರ್ ಬಂದರೆ ಮಂಡ್ಯದ ಕಡೆಯ ಅನೇಕ ಹಿರಿಯರಂತೆ ಅವರೂ ಮೊದಲು ನೋಡುತ್ತಿದ್ದುದು ಕನ್ನಂಬಾಡಿ ಕಟ್ಟೆಯ ನೀರಿನ ಮಟ್ಟವನ್ನು. ಗರಿಷ್ಠ ಮಟ್ಟ 124.80 ಅಡಿ; ಇವತ್ತಿನದು ಇಷ್ಟು, ಒಳಹರಿವು ಇಷ್ಟು, ಹೊರಹರಿವು ಇಷ್ಟು ಎಂದು ಒಂದು ನೋಟ್‌ಬುಕ್ಕಿನಲ್ಲಿ ತಾರೀಖು ಹಾಕಿ ಬರೆದುಕೊಳ್ಳುವುದು ಅವರ ದಿನದ ಮೊದಲ ಕೆಲಸವಾಗಿತ್ತು. ಈ ನೋಟ್‌ಬುಕ್ಕುಗಳ ವಿಚಾರ ಮುಂದೆ ಬರುತ್ತದೆ.

ಕಾಯಿಲೆ ಶುರುವಾದದ್ದು ಎಡ ಭುಜದ ನೋವಿನಿಂದ. ಕೈ ಮೇಲೆತ್ತಲು ಆಗುತ್ತಿಲ್ಲ ಎಂದಾಗ ಮೊದಲು ನೋಡಿದ ವೈದ್ಯರು ಭುಜ ಹಿಡಿದುಕೊಂಡಿದೆ ಎಂದು ಇಂಜೆಕ್ಷನ್ ಕೊಟ್ಟು ವ್ಯಾಯಾಮ ಹೇಳಿಕೊಟ್ಟರು. ಪಾರ್ಕಿನ್ಸನ್ ಬಹಳ ಸಲ ಹೀಗೆ ಒಂದೇ ಪಕ್ಕದ ಭುಜದ ಬಿಗಿತದ ರೂಪದಲ್ಲಿ ಕಾಣಿಸಿಕೊಳ್ಳುತ್ತದೆ ಎಂಬುದು ನಮಗೆ ತಿಳಿದದ್ದು ಎಷ್ಟೋ ದಿನಗಳ ನಂತರ. ಅದಕ್ಕೂ ಮೊದಲಿನ ಲಕ್ಷಣಗಳನ್ನು ಹಿಂತಿರುಗಿ ನೋಡಿದಾಗಷ್ಟೇ ಗುರುತಿಸಲು ಸಾಧ್ಯವಾಯಿತು. ಅಡುಗೆಮನೆಯಲ್ಲಿ ಸಾರು ತಳ ಹಿಡಿದು ಸೀದ ವಾಸನೆ ಬೀದಿಗೆ ಹರಡಿದರೂ ಒಳಗೇ ಕುಳಿತಿದ್ದ ಅಪ್ಪನಿಗೆ ಗೊತ್ತಾಗುತ್ತಿರಲಿಲ್ಲ. ರಾತ್ರಿ ನಿದ್ದೆಯಲ್ಲಿ ಯಾರನ್ನೋ ಬೈಯುತ್ತ ಕೈಕಾಲು ಝಾಡಿಸುತ್ತಿದ್ದರು. ಅವ್ವ ಅದನ್ನು ನಾಲೆಯ ಜಗಳ ಕನಸಿನಲ್ಲೂ ಬಿಡಲಿಲ್ಲ ಎಂದು ತಮಾಷೆ ಮಾಡುತ್ತಿದ್ದರು. ವಾಸನೆ ತಿಳಿಯದಿರುವುದು, ಮಲಬದ್ಧತೆ, ಕನಸಿನಲ್ಲಿ ಕೈಕಾಲು ಬಡಿಯುವುದು ಇವೆಲ್ಲ ಕೈ ನಡುಗುವುದಕ್ಕೆ ವರ್ಷಗಳ ಮೊದಲೇ ಬರಬಹುದಾದ ಲಕ್ಷಣಗಳು.

ಕಡೆಗೆ ಬೆಂಗಳೂರಿನ ನಿಮ್ಹಾನ್ಸ್‌ಗೆ ಕರೆದುಕೊಂಡು ಹೋದೆವು. ದೊಡ್ಡ ಯಂತ್ರದೊಳಗೆ ಮಲಗಿಸಿ ಏನೇನೋ ನೋಡುತ್ತಾರೆ ಎಂದು ನಾವು ನಿರೀಕ್ಷಿಸಿದ್ದರೆ ಅಲ್ಲಿನ ವೈದ್ಯರು ಅಪ್ಪನನ್ನು ಮೊದಲು ಬಾಗಿಲಿನಿಂದ ಗೋಡೆಯವರೆಗೆ ನಡೆಸಿದರು. ಹೆಬ್ಬೆರಳು ತೋರುಬೆರಳನ್ನು ಬೇಗ ಬೇಗ ತಟ್ಟಿಸಿದರು. ಮಣಿಕಟ್ಟು ಹಿಡಿದು ತಿರುಗಿಸಿದರು. ಆಮೇಲೆ ಒಂದು ಹಾಳೆ ಕೊಟ್ಟು, "ಯಜಮಾನರೇ, ನಿಮ್ಮ ಹೆಸರು, ಊರಿನ ಹೆಸರು ಬರೀರಿ" ಎಂದರು. ಅಪ್ಪ ಬರೆದರು. ಮೊದಲ ಅಕ್ಷರ ಎಂದಿನಂತೆ ದುಂಡಗಿತ್ತು, ಊರಿನ ಹೆಸರು ಮುಗಿಯುವ ಹೊತ್ತಿಗೆ ಅಕ್ಷರಗಳು ಸಾಸಿವೆಯಷ್ಟಾಗಿದ್ದವು. ವೈದ್ಯರು ಆ ಹಾಳೆಯನ್ನು ನನ್ನ ಕಡೆ ತಿರುಗಿಸಿ ತೋರಿಸಿದರು. ಈ ಕಾಯಿಲೆಯನ್ನು ಖಚಿತಪಡಿಸುವ ರಕ್ತಪರೀಕ್ಷೆಯೊಂದನ್ನು ಮಾಡಿಸಿಬಿಡುವಂತಿಲ್ಲ, ಮನುಷ್ಯನನ್ನು ನೋಡಿಯೇ ಹೇಳಬೇಕು ಎಂದು ವಿವರಿಸಿದರು. 1817ರಲ್ಲಿ ಲಂಡನ್ನಿನ ಜೇಮ್ಸ್ ಪಾರ್ಕಿನ್ಸನ್ ಇದನ್ನು ಮೊದಲು ಕೂಲಂಕಷವಾಗಿ ವಿವರಿಸಿದ್ದೂ ಆರು ಜನರನ್ನು ನೋಡಿಯೇ, ಅವರಲ್ಲಿ ಕೆಲವರನ್ನು ಬೀದಿಯಲ್ಲಿ ಕಂಡು. ಆಯುರ್ವೇದದಲ್ಲಿ ಇದರ ಹೆಸರು ಕಂಪವಾತ.

ಮಿದುಳಿನ ಒಂದು ಸಣ್ಣ ಭಾಗದಲ್ಲಿ ಡೋಪಮೈನ್ ಎಂಬ ರಾಸಾಯನಿಕವನ್ನು ತಯಾರಿಸುವ ಜೀವಕೋಶಗಳು ಸಾಯುತ್ತ ಹೋಗುವುದೇ ಈ ಕಾಯಿಲೆಯ ಮೂಲ. ಕೈಕಾಲಿನ ತೊಂದರೆ ಹೊರಗೆ ಕಾಣುವ ಹೊತ್ತಿಗೆ ಆ ಜೀವಕೋಶಗಳಲ್ಲಿ ದೊಡ್ಡ ಪಾಲು ಹೋಗಿಬಿಟ್ಟಿರುತ್ತದೆ. ಡೋಪಮೈನನ್ನು ನೇರವಾಗಿ ಕೊಟ್ಟರೆ ಅದು ರಕ್ತದಿಂದ ಮಿದುಳಿನೊಳಕ್ಕೆ ದಾಟುವುದಿಲ್ಲವಾದ್ದರಿಂದ, ದಾಟಿದ ಮೇಲೆ ಡೋಪಮೈನ್ ಆಗುವ ಲೆವೊಡೋಪಾ ಕೊಡುತ್ತಾರೆ. ಅದು ದಾರಿಯಲ್ಲೇ ಖರ್ಚಾಗದಿರಲಿ ಎಂದು ಕಾರ್ಬಿಡೋಪಾ ಸೇರಿಸಿರುತ್ತಾರೆ. ನಮ್ಮ ಮನೆಯಲ್ಲಿ ಅದರ ಹೆಸರು 'ಸಿಂಡೋಪಾ ಮಾತ್ರೆ', ಇಲ್ಲವೇ ಬರೀ 'ಹಳದಿ ಮಾತ್ರೆ'.

ಮೊದಲ ಕೆಲವು ವರ್ಷ ಆ ಮಾತ್ರೆ ಮಾಡಿದ ಉಪಕಾರ ಕಡಿಮೆಯದಲ್ಲ. ಅಪ್ಪ ಮತ್ತೆ ಸೈಕಲ್ ಹತ್ತಿದರು. ಆದರೆ ಮಾತ್ರೆಗೂ ಊಟಕ್ಕೂ ಆಗದು. ಕಾಳು, ಮಾಂಸ, ಹಾಲು ಇವುಗಳಲ್ಲಿರುವ ಪ್ರೋಟೀನು ಕರುಳಿನಲ್ಲೂ ಮಿದುಳಿನ ಬಾಗಿಲಲ್ಲೂ ಲೆವೊಡೋಪಾದೊಂದಿಗೆ ಪೈಪೋಟಿಗಿಳಿಯುವುದರಿಂದ ಮಾತ್ರೆಯನ್ನು ಊಟಕ್ಕೆ ಅರ್ಧ ಗಂಟೆ ಮೊದಲು, ಇಲ್ಲವೆ ಊಟವಾಗಿ ಒಂದು ಗಂಟೆಯ ನಂತರ ತೆಗೆದುಕೊಳ್ಳಬೇಕು. ಹುರುಳಿಕಾಳಿನ ಬಸ್ಸಾರು, ಅವರೆಕಾಳಿನ ಸಾರು, ಭಾನುವಾರದ ಬಾಡು ಇವುಗಳ ಮೇಲೇ ನಿಂತ ಮಂಡ್ಯದ ಮನೆಯೊಂದರಲ್ಲಿ ಈ ಲೆಕ್ಕ ಇಟ್ಟುಕೊಳ್ಳುವುದು ಎಷ್ಟು ಕಷ್ಟ ಎಂಬುದು ನನ್ನ ಹೆಂಡತಿಗೆ ಗೊತ್ತು. ಊರಿನಲ್ಲಿ ಯಾರೋ ನಸುಗುನ್ನಿ ಬೀಜದ ಪುಡಿ ಕೊಡಿ ಎಂದರು. ಅದನ್ನು ಮೂಢನಂಬಿಕೆ ಎಂದು ತಳ್ಳಿಹಾಕಲು ಹೊರಟಿದ್ದ ನನ್ನ ತಮ್ಮನಿಗೆ ವೈದ್ಯರೇ ಹೇಳಿದರು: ನಸುಗುನ್ನಿಯಲ್ಲಿ ಇರುವುದೂ ಲೆವೊಡೋಪಾವೇ. ಆದ್ದರಿಂದಲೇ ಮಾತ್ರೆಯ ಜೊತೆಗೆ ಅದನ್ನೂ ಕೊಟ್ಟರೆ ಒಟ್ಟು ಎಷ್ಟು ಒಳಗೆ ಹೋಯಿತೆಂಬ ಅಳತೆ ಸಿಗುವುದಿಲ್ಲ, ಬೇಡ.

ವರ್ಷಗಳು ಕಳೆದಂತೆ ಒಂದು ಮಾತ್ರೆಯ ಗುಣ ಮುಂದಿನ ಮಾತ್ರೆಯವರೆಗೆ ಉಳಿಯದಾಯಿತು. ಮಾತ್ರೆ ಹಿಡಿದಾಗ ಅಪ್ಪ ಎದ್ದು ಓಡಾಡುತ್ತಿದ್ದರು, ತಾವೇ ಮುದ್ದೆ ಮುರಿಯುತ್ತಿದ್ದರು. ಬಿಟ್ಟಾಗ ಕುರ್ಚಿಯಲ್ಲಿ ಕಲ್ಲಾಗುತ್ತಿದ್ದರು. ವೈದ್ಯರು ಇದನ್ನು 'ಆನ್-ಆಫ್' ಎನ್ನುತ್ತಿದ್ದರು. ಅಪ್ಪನಿಗೆ ಆ ವಿವರಣೆಯ ಅಗತ್ಯವೇ ಇರಲಿಲ್ಲ. ಜಲಾಶಯದಲ್ಲಿ ನೀರು ಕಡಿಮೆಯಿದ್ದ ವರ್ಷ ನಾಲೆಗೆ ಕಟ್ಟು ಪದ್ಧತಿಯಲ್ಲಿ, ಇಷ್ಟು ದಿನ ಬಿಡುವುದು ಇಷ್ಟು ದಿನ ನಿಲ್ಲಿಸುವುದು ಎಂದು ನೀರು ಕೊಡುತ್ತಾರಲ್ಲ, ಅದನ್ನೇ ಜೀವಮಾನವಿಡೀ ನಡೆಸಿದವರು ಅವರು. "ಇದೂ ಕಟ್ಟು ನೀರೇ ಕಣಪ್ಪ. ಬುಟ್ಟಾಗ ಕೆಲ್ಸ ಮಾಡ್ಕಬೇಕು, ನಿಂತಾಗ ಸುಮ್ಕೆ ಕಾಯ್ಕಂಡು ಕೂತಿರಬೇಕು" ಎಂದು ವೈದ್ಯರ ಎದುರಿಗೇ ನನಗೆ ಹೇಳಿದರು. ಅಂದಿನಿಂದ ನಮ್ಮ ಮನೆಯಲ್ಲಿ ಸ್ನಾನ, ಊಟ, ಸಂಡಾಸು ಎಲ್ಲವೂ ಕಟ್ಟಿನ ಲೆಕ್ಕದಲ್ಲೇ ನಡೆದವು. ನೆಂಟರು ಬಂದಾಗ "ಈಗ ನೀರು ಬಂದಿದೆಯೇ?" ಎಂದು ಅವ್ವ ಒಳಗಿನಿಂದ ಕೇಳಿದರೆ ಹೊಸಬರಿಗೆ ನಲ್ಲಿಯ ಮಾತಿರಬೇಕು ಅನ್ನಿಸುತ್ತಿತ್ತು.

ನೋಟ್‌ಬುಕ್ಕುಗಳನ್ನು ನಾನು ಸಾಲಾಗಿ ತೆರೆದು ನೋಡಿದ್ದು ಅವರು ಹೋದ ಮೇಲೆ. ನಿವೃತ್ತಿಯಾದ ಹೊಸತರಲ್ಲಿ ಒಂದು ಪುಟಕ್ಕೆ ಹದಿನೈದು ದಿನಗಳ ಮಟ್ಟ ಹಿಡಿಸುತ್ತಿತ್ತು. ವೈದ್ಯರು ಕಾಯಿಲೆಯ ಹೆಸರು ಹೇಳುವುದಕ್ಕೆ ಮುಂಚಿನ ಪುಸ್ತಕದಲ್ಲೇ ಸಾಲುಗಳು ಒತ್ತೊತ್ತಾಗುತ್ತ ಒಂದು ಪುಟಕ್ಕೆ ಇಡೀ ತಿಂಗಳು ಕೂರತೊಡಗಿದೆ. ಕಾವೇರಿ ಗಲಾಟೆಯಿಂದ ಊರೆಲ್ಲ ಉರಿಯುತ್ತಿದ್ದ 2016ರ ಸೆಪ್ಟೆಂಬರಿನ ಪುಟದಲ್ಲಿ ಅಂಕಿಗಳನ್ನು ಓದಲು ನನಗೆ ಕನ್ನಡಕ ಸಾಲದೆ ಭೂತಗನ್ನಡಿ ಬೇಕಾಯಿತು. ಆದರೆ 2018ರ ಜುಲೈನಲ್ಲಿ ಕಟ್ಟೆ ತುಂಬಿದ ದಿನ 124.80 ಎಂಬ ಅಂಕಿ ಮಾತ್ರ ಇಡೀ ಸಾಲಿನಗಲಕ್ಕೆ, ಹಳೆಯ ದುಂಡು ಕೈಬರಹದಲ್ಲಿದೆ. ಬಹುಶಃ ಮಾತ್ರೆ ಹಿಡಿದಿದ್ದ ಹೊತ್ತಿನಲ್ಲಿ ಬರೆದಿರಬೇಕು; ಇಲ್ಲವೇ, ಗೆರೆ ಹಾಕಿಕೊಟ್ಟರೆ, ದೊಡ್ಡದಾಗಿ ಬರೆಯಬೇಕೆಂದು ಮನಸ್ಸಿಟ್ಟರೆ ಈ ರೋಗಿಗಳ ಅಕ್ಷರ ಒಮ್ಮೊಮ್ಮೆ ಮರಳುತ್ತದೆಯಂತೆ, ಹಾಗೆ ಮನಸ್ಸಿಟ್ಟು ಬರೆದಿರಬೇಕು. ಎರಡನೆಯದೇ ನಿಜವಿರಲಿ ಎಂಬುದು ನನ್ನ ಆಸೆ. 2019ರ ನಂತರ ಪೇಪರ್ ಓದಿ ಹೇಳುತ್ತಿದ್ದುದೂ ಬರೆಯುತ್ತಿದ್ದುದೂ ನನ್ನ ಮಗಳು. ಅವಳ ಶಾಲೆಯ ಅಕ್ಷರದಲ್ಲಿ ಪುಸ್ತಕ ಮುಂದುವರಿದಿದೆ.

ಅಕ್ಷರ ಚಿಕ್ಕದಾದದ್ದಕ್ಕೆ ಮನೆಯೊಳಗೆ ಯಾರೂ ತಲೆ ಕೆಡಿಸಿಕೊಳ್ಳಲಿಲ್ಲವಾದರೂ ಬ್ಯಾಂಕಿನವರು ಕೆಡಿಸಿಕೊಂಡರು. ಸಹಿ ಹೊಂದುವುದಿಲ್ಲ ಎಂದು ಹಣ ತೆಗೆಯುವ ಚೀಟಿ ವಾಪಸಾಯಿತು. ಹೆಬ್ಬೆಟ್ಟು ಒತ್ತಿಸಿ ಎಂದರು. ನಲವತ್ತು ವರ್ಷ ಇಲಾಖೆಯ ಪುಸ್ತಕದಲ್ಲಿ ಸಹಿ ಹಾಕಿದ ಮನುಷ್ಯ ಹೆಬ್ಬೆಟ್ಟಿಗೆ ಒಪ್ಪಲು ಬಹಳ ಸಮಯ ಹಿಡಿಯಿತು, ಒಪ್ಪಿದ ಮೇಲೆ ಆ ಹೆಬ್ಬೆಟ್ಟನ್ನು ಯಂತ್ರವೇ ಒಪ್ಪಲಿಲ್ಲ. ಕಬ್ಬಿಣದ ಹಿಡಿ ತಿರುಗಿಸಿ ತಿರುಗಿಸಿ ಬೆರಳ ಗೆರೆ ಸವೆದಿದ್ದವು, ಮೇಲಾಗಿ ಬೆರಳು ನಿಲ್ಲುತ್ತಿರಲಿಲ್ಲ. ಪಿಂಚಣಿದಾರರು ಪ್ರತಿ ನವೆಂಬರಿನಲ್ಲಿ ತಾವು ಬದುಕಿದ್ದೇವೆಂದು ಜೀವಿತ ಪ್ರಮಾಣಪತ್ರ ಕೊಡಬೇಕು. ಒಂದು ವರ್ಷ, ಈಗೆಲ್ಲ ಸುಲಭ, ಮನೆಯಲ್ಲೇ ಕುಳಿತು ಮೊಬೈಲಿಗೆ ಮುಖ ತೋರಿಸಿದರೆ ಸಾಕು ಎಂದು ಯಾರೋ ಹೇಳಿದರು. ಮೊಬೈಲು ಮುಖವನ್ನು ಹಿಡಿಯಿತು, ಆಮೇಲೆ ಕಣ್ಣು ಮಿಟುಕಿಸಿ ಎಂದು ಕೇಳಿತು. ಪಾರ್ಕಿನ್ಸನ್ ರೋಗಿಗಳು ಮಿಟುಕಿಸುವುದೇ ಕಡಿಮೆ. "ಅಪ್ಪ, ಒಂದ್ಸಲ ಕಣ್ಣು ಮುಚ್ಚಿ ತೆಗಿ" ಎಂದು ನಾನೂ ತಮ್ಮನೂ ಎರಡು ಕಡೆ ನಿಂತು ಬೇಡಿಕೊಳ್ಳುತ್ತಿದ್ದರೆ ಅಪ್ಪ ನೆಟ್ಟ ನೋಟದಿಂದ ಮೊಬೈಲನ್ನೇ ನೋಡುತ್ತಿದ್ದರು. ಬದುಕಿರುವುದಕ್ಕೆ ಅಷ್ಟು ಸಾಕ್ಷಿ ಸಾಲದೆ ಎಂದು ಅವ್ವ ಮೊಬೈಲಿಗೇ ಬೈದರು. ಕೊನೆಗೆ ಬ್ಯಾಂಕಿನಿಂದಲೇ ಒಬ್ಬರು ಮನೆಗೆ ಬಂದು ನೋಡಿ ಬರೆದುಕೊಂಡು ಹೋದರು. ಹಾಗೆ ಬರುವ ಏರ್ಪಾಡು ಇದೆ ಎಂಬುದನ್ನು ಮೊದಲೇ ಯಾರಾದರೂ ಹೇಳಿದ್ದರೆ ಎಷ್ಟೋ ಅಲೆದಾಟ ಉಳಿಯುತ್ತಿತ್ತು.

ಕೊನೆಯ ಎರಡು ಮೂರು ವರ್ಷಗಳ ಬಗ್ಗೆ ಹೆಚ್ಚು ಬರೆಯಲಾರೆ. ನಡೆಯುವಾಗ ಬಾಗಿಲ ಬಳಿ ಬಂದೊಡನೆ ಕಾಲು ನೆಲಕ್ಕೆ ಅಂಟಿಕೊಳ್ಳುತ್ತಿತ್ತು. ಫಿಸಿಯೋಥೆರಪಿಯವರ ಮಾತಿನಂತೆ ಕೆಂಪು ನೆಲದ ಮೇಲೆ ಅಡ್ಡಡ್ಡಕ್ಕೆ ಬಿಳಿ ಪಟ್ಟೆ ಬಳಿದೆವು, ಪಟ್ಟೆ ಕಂಡರೆ ಅದನ್ನು ದಾಟಲೆಂದು ಕಾಲು ಏಳುತ್ತಿತ್ತು. ದನಿ ತಗ್ಗುತ್ತ ತಗ್ಗುತ್ತ ಪಿಸುಮಾತಾಯಿತು. ಸಂಜೆ ಹೊತ್ತು ಅಂಗಳದಲ್ಲಿ ಜನ ಕಾಣುತ್ತಿದ್ದರು. ಅವರೆಲ್ಲ ನೀರಿಗೆ ಕಾದು ನಿಂತ ರೈತರು. "ಅವರ್ಗೆ ನಾಳೆ ಬರಾಕೆ ಹೇಳು" ಎಂದು ಅಪ್ಪ ನನಗೆ ಅಪ್ಪಣೆ ಮಾಡಿದರೆ ನಾನು ಬಾಗಿಲಿಗೆ ಹೋಗಿ ನಾಳೆ ಬನ್ನಿ ಎಂದು ಖಾಲಿ ಅಂಗಳಕ್ಕೆ ಹೇಳಿ ಬರುತ್ತಿದ್ದೆ. ಅಲ್ಲಿ ಯಾರೂ ಇಲ್ಲವೆಂದು ವಾದಿಸುವುದಕ್ಕಿಂತ ಅದೇ ಸುಲಭವಾಗಿತ್ತು. ಅವರಿಗೂ ಆ ಜನರ ಭಯವಿರಲಿಲ್ಲ, ಜವಾಬ್ದಾರಿಯಷ್ಟೇ ಇತ್ತು. ಆಮೇಲೆ ಹಾಸಿಗೆ, ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸುವುದು, ಬೆನ್ನಿನ ಹುಣ್ಣು, ನುಂಗಲಾಗದ್ದರಿಂದ ಮೂಗಿನ ನಳಿಕೆ. 2022ರಲ್ಲಿ ಎಂಜಲು ಶ್ವಾಸಕೋಶಕ್ಕೆ ಇಳಿದು ನ್ಯುಮೋನಿಯಾ ಆಯಿತು. ಈ ಕಾಯಿಲೆಯ ಕೊನೆಯಲ್ಲಿ ಬಹಳ ಜನರಿಗೆ ಆಗುವುದು ಹಾಗೆಯೇ. ವೆಂಟಿಲೇಟರಿಗೆ ಹಾಕಬೇಕೇ ಎಂದು ಕೇಳಿದ ವೈದ್ಯರಿಗೆ, ಅದರಿಂದ ಅವರು ಮರಳುತ್ತಾರೆಯೇ ಎಂದು ಅವ್ವ ತಿರುಗಿ ಕೇಳಿದರು. ವೈದ್ಯರು ಸುಳ್ಳು ಹೇಳಲಿಲ್ಲ. ಅಪ್ಪನನ್ನು ಮನೆಗೆ ಕರೆತಂದೆವು.

ಊರಿನವರು ಹೇಳಿದ ಸಮಾಧಾನದ ಮಾತುಗಳಲ್ಲಿ ಎರಡು ಬಗೆಯಿದ್ದವು. ಒಂದು, 'ಬಿಡುಗಡೆ ಆಯ್ತು ಬುಡಿ'. ಇನ್ನೊಂದು, 'ಇದನ್ನೆಲ್ಲ ಮರೆತುಬುಡು, ಮುಂಚೆ ಹೆಂಗಿದ್ರೋ ಹಂಗೆ ನೆನಪಲ್ಲಿಟ್ಕೊ'. ಎರಡನೆಯ ಮಾತು ಒಳ್ಳೆಯ ಮನಸ್ಸಿನಿಂದಲೇ ಬಂದದ್ದು. ಆದರೆ ಅದನ್ನು ಪಾಲಿಸುವುದು ಹೇಗೆಂದು ಯಾರೂ ಹೇಳಿಕೊಡಲಿಲ್ಲ. ಏರ್ ಬೆಡ್ಡನ್ನು ಪಕ್ಕದೂರಿನ ಒಬ್ಬರಿಗೆ ಕೊಟ್ಟೆವು, ಉಳಿದ ಮಾತ್ರೆಗಳನ್ನು ತೆಗೆದುಹಾಕಿದೆವು, ನೆಲದ ಬಿಳಿ ಪಟ್ಟೆಗಳನ್ನು ಉಜ್ಜಿದೆವು. ನೆನಪು ಹಾಗೆ ಉಜ್ಜಿದರೆ ಹೋಗುವಂಥದ್ದಾಗಿರಲಿಲ್ಲ.

ತಿಥಿಗೆ ಫೋಟೋ ಹುಡುಕಲು ಕುಳಿತಾಗ ಇದರ ಒಂದು ಕಾರಣವಾದರೂ ನನಗೆ ಅರ್ಥವಾಯಿತು. ಕ್ಯಾಮೆರಾ ಇರುವ ಒಳ್ಳೆಯ ಫೋನು ನಮ್ಮ ಮನೆಗೆ ಬಂದದ್ದೂ ಅಪ್ಪನಿಗೆ ಕಾಯಿಲೆ ಬಂದದ್ದೂ ಒಂದೇ ಕಾಲಕ್ಕೆ. ಹೀಗಾಗಿ ಕಾಯಿಲೆಯ ಅಪ್ಪನ ನೂರಾರು ಚಿತ್ರಗಳಿವೆ: ವೈದ್ಯರಿಗೆ ತೋರಿಸಲೆಂದು ತೆಗೆದ ನಡಿಗೆಯ ವಿಡಿಯೋ, ಹುಣ್ಣಿನ ಚಿತ್ರ, ಮೊಮ್ಮಗಳ ಹುಟ್ಟುಹಬ್ಬದಲ್ಲಿ ನಗಲಾಗದ ಮುಖ. ಗಟ್ಟಿಯಿದ್ದ ಅಪ್ಪನ ಚಿತ್ರಗಳೆಂದರೆ ಮದುವೆಯದೊಂದು, ಇಲಾಖೆಯ ಗುರುತಿನ ಚೀಟಿಯದೊಂದು, ನಾಲೆಯ ದುರಸ್ತಿಯ ಸಮಯದಲ್ಲಿ ಯಾರೋ ತೆಗೆದ ಗುಂಪಿನ ಚಿತ್ರವೊಂದು, ಅಷ್ಟೇ. ಅವರ ಹಳೆಯ ದನಿಯಂತೂ ಎಲ್ಲೂ ಇಲ್ಲ. ನಮ್ಮ ಪೀಳಿಗೆಯ ಬಹಳ ಜನರಿಗೆ ತಂದೆತಾಯಿಯ ಮುಪ್ಪು ಮಾತ್ರ ದಾಖಲಾಗಿ ಯೌವನ ದಾಖಲಾಗದೆ ಉಳಿದಿದೆ ಎಂದು ನನಗೆ ಅನ್ನಿಸುತ್ತದೆ. ನೆನಪೂ ಚಿತ್ರ ಹೆಚ್ಚಿದ್ದ ಕಡೆಗೇ ವಾಲಿದರೆ ಆಶ್ಚರ್ಯವೇನಿಲ್ಲ. ಗುರುತಿನ ಚೀಟಿಯ ಚಿತ್ರವನ್ನೇ ಮಂಡ್ಯದ ಸ್ಟುಡಿಯೋದವರು ದೊಡ್ಡದು ಮಾಡಿಕೊಟ್ಟರು. ಬಣ್ಣ ತುಂಬುವಾಗ ಹಣೆಗೆ ವಿಭೂತಿಯನ್ನೂ ಹಾಕಿಬಿಟ್ಟಿದ್ದರು. ಅಪ್ಪ ಎಂದೂ ವಿಭೂತಿ ಇಟ್ಟವರಲ್ಲ, ಅಳಿಸಿ ಕೊಡಿ ಎಂದು ಮತ್ತೆ ಹೋಗಬೇಕಾಯಿತು.

ಹನ್ನೊಂದನೆಯ ದಿನದ ತಿಥಿಗೆ ನನಗೆ ಪರಿಚಯವೇ ಇಲ್ಲದ ಹಲವರು ಬಂದಿದ್ದರು. ಅಪ್ಪ ಹಾಸಿಗೆ ಹಿಡಿದ ಮೇಲೆ ಅವರಲ್ಲಿ ಯಾರೂ ಮನೆಗೆ ಬಂದಿರಲಿಲ್ಲವಾದ್ದರಿಂದ ಅವರ ತಲೆಯಲ್ಲಿದ್ದ ಅಪ್ಪನಿಗೆ ಕಾಯಿಲೆಯೇ ತಗುಲಿರಲಿಲ್ಲ. ಮಳವಳ್ಳಿ ಕಡೆಯ ಒಬ್ಬರು, ಕೊನೆಯ ಭಾಗಕ್ಕೆ ನೀರು ತಲುಪಲಿ ಎಂದು ಅಪ್ಪ ಕಂಬಳಿ ಹೊದ್ದು ಮೇಲಿನ ತೂಬಿನ ಮೇಲೇ ರಾತ್ರಿಯೆಲ್ಲ ಮಲಗಿದ್ದ ಕಥೆ ಹೇಳಿದರು. ಮೇಲಿನವರು ಕದ್ದು ತೂಬು ಎತ್ತಬೇಕಾದರೆ ಮೊದಲು ಅವರನ್ನು ಎತ್ತಬೇಕಾಗಿತ್ತಂತೆ. ಏರಿಯ ಮೇಲೆ ನಿಂತು ಅವರು "ಓಯ್" ಎಂದರೆ ಎರಡು ಬಯಲಿನಾಚೆ ಗದ್ದೆಯಲ್ಲಿದ್ದವನು ತಲೆಯೆತ್ತುತ್ತಿದ್ದನೆಂದು ಮತ್ತೊಬ್ಬರು ಕೂಗಿ ತೋರಿಸಿದರು. ಪಿಸುಮಾತಿಗೆ ಕಿವಿಯಾನಿಸಿ ವರ್ಷಗಳನ್ನು ಕಳೆದಿದ್ದ ನನ್ನ ಮಗಳು ಅದನ್ನು ನಂಬಲಿಲ್ಲ. ಇನ್ನೊಬ್ಬ ಮುದುಕರು ಊಟ ಮುಗಿಸಿ ಕೈ ತೊಳೆದು ಬಂದು, "ನಿಮ್ಮಪ್ಪ ನನ್ನ ಒಟ್ಲು ಒಣಗ್ಸುದ್ನಪ್ಪ, ಒಂದು ಗಳಿಗೆ ಹೆಚ್ಗೆ ಬುಡು ಅಂದ್ರೆ ಬುಡ್ನಿಲ್ಲ" ಎಂದರು. ಪೈರಿನ ಒಟ್ಲು ಒಣಗಿದ ಆ ಸಿಟ್ಟು ಮೂವತ್ತು ವರ್ಷವಾದರೂ ಆರಿರಲಿಲ್ಲ, ಆದರೂ ಅಷ್ಟು ದೂರದಿಂದ ತಿಥಿಗೆ ಬಂದಿದ್ದರು. ಅವತ್ತು ಕೇಳಿದ ಮಾತುಗಳಲ್ಲಿ ನನಗೆ ಅಪ್ಪನನ್ನು ಹೆಚ್ಚು ತಂದುಕೊಟ್ಟದ್ದು ಹೊಗಳಿಕೆಗಳಿಗಿಂತ ಈ ದೂರೇ. ಯಾರ ಮಾತಿಗೂ ಬಾಗದ ಆ ಹಟವನ್ನು ನಾನು ಕಾಯಿಲೆಯ ದಿನಗಳಲ್ಲೂ, ಊರುಗೋಲು ಬೇಡವೆಂದಾಗ, ಹೆಬ್ಬೆಟ್ಟು ಬೇಡವೆಂದಾಗ ಕಂಡಿದ್ದೆ.

ಪಿತೃಪಕ್ಷ ಬಂತು. ನಮ್ಮ ಕಡೆ ಹಿರಿಯರಿಗೆ ಹೊಸ ಬಟ್ಟೆ ಇಟ್ಟು, ಬಾಳೆಯೆಲೆಯ ಮೇಲೆ ಅವರಿಗೆ ಬದುಕಿದ್ದಾಗ ಪ್ರಿಯವಾಗಿದ್ದುದನ್ನೆಲ್ಲ ಬಡಿಸಿ, ಧೂಪ ಹಾಕಿ, ಬಾಗಿಲು ಮುಂದೆ ಮಾಡಿಕೊಂಡು ಮನೆಯವರೆಲ್ಲ ಸ್ವಲ್ಪ ಹೊತ್ತು ಹೊರಗೆ ಕೂರುತ್ತಾರೆ. ಅಷ್ಟರಲ್ಲಿ ಅವರು ಬಂದು ಉಂಡು ಹೋಗಲಿ ಎಂದು. ಕುಡಿಯುತ್ತಿದ್ದವರಿಗೆ ಅದನ್ನೂ ಇಡುತ್ತಾರೆ. ಸಂಕೋಚವಿಲ್ಲ, ನೀತಿಪಾಠವೂ ಇಲ್ಲ. ಹಾಗಾದರೆ ಅಪ್ಪನಿಗೆ ಏನು ಇಷ್ಟ ಎಂದು ಹಿಂದಿನ ದಿನ ಸಾಮಾನಿನ ಪಟ್ಟಿ ಬರೆಯಲು ಕುಳಿತ ನನ್ನ ಹೆಂಡತಿ ಕೇಳಿದಳು. ಯಾರೂ ತಕ್ಷಣ ಉತ್ತರ ಕೊಡಲಿಲ್ಲ. ನಾವು ಅಷ್ಟು ವರ್ಷ ಯೋಚಿಸಿದ್ದುದು ಅವರು ಏನನ್ನು ನುಂಗಬಲ್ಲರು ಎಂಬುದನ್ನಷ್ಟೇ.

ಆಮೇಲೆ ಎಲ್ಲರೂ ಒಟ್ಟಿಗೆ ಮಾತಾಡತೊಡಗಿದರು. ಸೋದರತ್ತೆ ಹುರುಳಿಕಾಳಿನ ಬಸ್ಸಾರು ಎಂದರು, ಅದೂ ಮೊದಲ ದಿನದ್ದಲ್ಲ, ಮಾರನೆಯ ದಿನ ಕುದಿಸಿ ಗಟ್ಟಿಯಾದದ್ದು. ಚಿಕ್ಕಪ್ಪ ನಾಲೆಯ ಮೀನು ಎಂದರು. ನೀರು ನಿಲ್ಲಿಸಿದ ದಿನ ಗುಂಡಿಗಳಲ್ಲಿ ಉಳಿದ ಮೀನನ್ನು ಹಿಡಿದು ಏರಿಯ ಮೇಲೆ ಸುಟ್ಟು ಉಪ್ಪು ಖಾರ ಸವರಿ ತಿನ್ನುವುದು ಸೌಡಿಗಳ ಗುಟ್ಟಿನ ಹಬ್ಬವಂತೆ, ಮನೆಗೆ ಒಂದು ಮೀನೂ ಬರುತ್ತಿರಲಿಲ್ಲವಂತೆ. ತಮ್ಮ ನಾಟಿಕೋಳಿ ಸಾರು ಎಂದ. ಸಿಹಿ ಮಾತ್ರ ಬೇಡ, ಮದುವೆ ಮನೆಯಲ್ಲೂ ಪಾಯಸದ ಸರದಿ ಬಂದರೆ ಎಲೆಗೆ ಕೈ ಅಡ್ಡ ಹಿಡಿಯುತ್ತಿದ್ದರು ಎಂದು ಮೂವರೂ ಒಪ್ಪಿದರು.

ನನಗೆ ಗೊತ್ತಿದ್ದ ಅಪ್ಪ ಬೇರೆ. ಕಾಯಿಲೆಯ ನಡುವಿನ ವರ್ಷಗಳಲ್ಲಿ ಅವರಿಗೆ ಸಿಹಿಯ ಹಂಬಲ ಹತ್ತಿತ್ತು. ಪಾರ್ಕಿನ್ಸನ್ ಬಂದ ಅನೇಕರಲ್ಲಿ ಇದು ಕಾಣುತ್ತದೆ. ವಾಸನೆ ಹೋದವರಿಗೆ ಬಸ್ಸಾರೂ ಬಿಸಿನೀರೂ ಒಂದೇ ಆಗಿಬಿಡುತ್ತದೆ, ನಾಲಗೆಗೆ ಉಳಿಯುವುದು ಸಿಹಿ, ಉಪ್ಪು, ಹುಳಿಯಂಥವು. ಬಾಳೆಹಣ್ಣನ್ನು ಚೆನ್ನಾಗಿ ಕಿವುಚಿ ಬೆಲ್ಲ, ಏಲಕ್ಕಿ, ತೆಂಗಿನಹಾಲು ಹಾಕಿ ನನ್ನ ಹೆಂಡತಿ ಮಾಡುತ್ತಿದ್ದ ರಸಾಯನವನ್ನು ಅವರು ಚಮಚ ಚಮಚವಾಗಿ ಉಣ್ಣುತ್ತ ಇನ್ನಷ್ಟು ಎಂದು ಕಣ್ಣಲ್ಲೇ ಕೇಳುತ್ತಿದ್ದರು. ಅದನ್ನೂ ಎಡೆಗೆ ಇಡಬೇಕು ಎಂದೆ. ತಮ್ಮನಿಗೆ ಸಿಟ್ಟು ಬಂತು. "ಅದು ಅಪ್ಪನ ಆಸೆಯಲ್ಲ, ಕಾಯಿಲೆಯ ಆಸೆ. ಕಾಯಿಲೆಗೆ ಯಾಕಣ್ಣ ಎಡೆ ಇಡಬೇಕು?" ಎಂದ. ಅವನು ಬೆಂಗಳೂರಿನಲ್ಲಿದ್ದವನು, ತಿಂಗಳಿಗೊಮ್ಮೆ ಬಂದು ಪ್ರತಿ ಸಲ ಇನ್ನಷ್ಟು ಕುಗ್ಗಿದ ಅಪ್ಪನನ್ನು ಕಂಡು ಹೋಗುತ್ತಿದ್ದವನು. ಆ ವರ್ಷಗಳು ಅವನಿಗೆ ಬರೀ ನಷ್ಟದ ಲೆಕ್ಕ. ದಿನವೂ ಜೊತೆಯಲ್ಲಿದ್ದ ನನಗೆ ಹಾಗಲ್ಲ. ಚಿಕ್ಕವನಾಗಿದ್ದಾಗ ಅಪ್ಪ ಮನೆಗೆ ಬರುವ ಹೊತ್ತಿಗೆ ನಾನು ಮಲಗಿರುತ್ತಿದ್ದೆ, ಏಳುವ ಹೊತ್ತಿಗೆ ಅವರು ಏರಿಯ ಮೇಲಿರುತ್ತಿದ್ದರು. ಅವರ ಕೈ ಎಷ್ಟು ಒರಟು, ಅವರಿಗೆ ಯಾವ ಮಗ್ಗುಲು ಇಷ್ಟ, ತಲೆ ಒರೆಸಿದರೆ ಅವರ ಹುಬ್ಬಿನ ಬಿಗಿ ಹೇಗೆ ಸಡಿಲುತ್ತದೆ ಎಂಬುದೆಲ್ಲ ನನಗೆ ತಿಳಿದದ್ದು ಅವರು ಬಿದ್ದ ಮೇಲೆಯೇ. ಅದನ್ನೆಲ್ಲ ಕಾಯಿಲೆಯ ಖಾತೆಗೆ ಬರೆದು ತೆಗೆದುಹಾಕು ಎಂದರೆ ನನ್ನ ಪಾಲಿಗೆ ಉಳಿಯುವ ಅಪ್ಪ ತೀರ ಕಡಿಮೆ ಎಂದು ಅವನಿಗೆ ಹೇಳಿದೆ. ಅವನು ಒಪ್ಪಲಿಲ್ಲ.

ಜಗಳ ಬೆಳೆಯುವ ಮೊದಲು ಅವ್ವ, "ಎರಡನ್ನೂ ಮಡುಗ್ರಪ್ಪ, ನಿಮ್ಮಪ್ಪಂಗೆ ಯಾವುದ್ ಬೇಕೋ ಅದ ತಿನ್ಕತದೆ" ಎಂದು ಮುಗಿಸಿದರು. ದೊಡ್ಡ ಎಲೆಯಲ್ಲಿ ಮುದ್ದೆ, ಬಸ್ಸಾರು, ನಾಟಿಕೋಳಿ ಸಾರು, ಸುಟ್ಟ ಮೀನು. ಪಕ್ಕದ ತುಂಡೆಲೆಯಲ್ಲಿ ರಸಾಯನ. ಅಂದಿನಿಂದ ಪ್ರತಿ ವರ್ಷವೂ ಹಾಗೆಯೇ ನಡೆದಿದೆ, ಪ್ರತಿ ವರ್ಷವೂ ತಮ್ಮ ತುಂಡೆಲೆಯನ್ನು ನೋಡಿ ಮುಖ ಗಂಟಿಕ್ಕುತ್ತಾನೆ. ಆದರೂ ಮೀನನ್ನು ಶ್ರೀರಂಗಪಟ್ಟಣದ ಕಡೆಯಿಂದ ತರುವವನು ಅವನೇ. ನನ್ನ ನೆನಪಿನಲ್ಲಿ ನಳಿಕೆಯ ಮುಖ ಈಗಲೂ ಬರುತ್ತದೆ, ಮೊದಲಿನಷ್ಟು ಸಲ ಅಲ್ಲ. ಒಮ್ಮೊಮ್ಮೆ ನಾನು ನೋಡಿಯೇ ಇರದ, ತೂಬಿನ ಮೇಲೆ ಕಂಬಳಿ ಹೊದ್ದು ಮಲಗಿದ ಅಪ್ಪ ಅದಕ್ಕಿಂತ ಮೊದಲು ಬರುತ್ತಾರೆ. ಆ ಮಳವಳ್ಳಿಯವರ ನೆನಪು ನನ್ನದಾದದ್ದು ಹೇಗೋ ತಿಳಿಯದು.

ಹೋದ ವರ್ಷ ಎಡೆಗೆ ಧೂಪ ಹಾಕುವ ಹೊತ್ತಿಗೆ ಸೋದರತ್ತೆ ಸೆರಗಿನ ಗಂಟಿನಿಂದ ಒಂದು ಕಟ್ಟು ಬೀಡಿಯನ್ನೂ ಬೆಂಕಿಪೊಟ್ಟಣವನ್ನೂ ತೆಗೆದು ಎಲೆಯ ಪಕ್ಕ ಇಟ್ಟರು. ಅಪ್ಪ ಬೀಡಿ ಸೇದಿದ್ದನ್ನು ನಮ್ಮಲ್ಲಿ ಯಾರೂ ಕಂಡಿರಲಿಲ್ಲ. ಮದುವೆಗೆ ಮುಂಚೆ ದನ ಮೇಯಿಸಲು ಹೋದಾಗ ಕದ್ದು ಸೇದುತ್ತಿದ್ದನಂತೆ, ತಾತನಿಗೆ ಹೇಳದಿರಲೆಂದು ತಂಗಿಗೆ ಕಡ್ಲೆಪುರಿ ಕೊಡಿಸುತ್ತಿದ್ದನಂತೆ. ಅಷ್ಟು ವರ್ಷ ಜೊತೆಯಲ್ಲಿ ಬಾಳಿದವಳಿಗೆ ಈ ಮಾತನ್ನು ಈಗ ಹೇಳುತ್ತೀಯಲ್ಲ ಎಂದು ಅವ್ವ ಸಿಡುಕಿದರು, ಬೀಡಿ ಕಟ್ಟನ್ನು ಮಾತ್ರ ಎಲೆಯ ಪಕ್ಕದಿಂದ ತೆಗೆಸಲಿಲ್ಲ. ಬಾಗಿಲು ಮುಂದೆ ಮಾಡಿ ನಾವೆಲ್ಲ ಜಗುಲಿಯ ಮೇಲೆ ಕುಳಿತಾಗಲೂ ಅವರು ಅತ್ತೆಯನ್ನು ಬಿಡದೆ, ಯಾವ ಬೀಡಿ, ಯಾರ ಜೊತೆ, ಮದುವೆ ಆದ ಮೇಲೂ ಸೇದುತ್ತಿದ್ದರೋ ಹೇಗೆ ಎಂದು ಒಂದೊಂದಾಗಿ ಕೇಳುತ್ತಲೇ ಇದ್ದರು.